ಪೆನ್‌ಡ್ರೈವಿನಿಂದ ಓಡುವ ಕ್ಯಾಡ್: ಫ್ರೀಕ್ಯಾಡ್ ಎಲ್ಲಿ ಏನನ್ನು ಬರೆಯುತ್ತದೆ?

ಕಾಲೇಜಿನ ಲ್ಯಾಬಿನಲ್ಲಿ ಹೊಸ ತಂತ್ರಾಂಶ ಇನ್‌ಸ್ಟಾಲ್ ಮಾಡಹೊರಟ ವಿದ್ಯಾರ್ಥಿಯನ್ನು ವಿಂಡೋಸ್ ಅಡ್ಮಿನ್ ಪಾಸ್‌ವರ್ಡ್ ಕೇಳುತ್ತದೆ. ಅದು ಅವರ ಬಳಿ ಇರುವುದಿಲ್ಲ. ಪೆನ್‌ಡ್ರೈವಿನಿಂದಲೇ ಕ್ಯಾಡ್ ಓಡಿಸುವ ಯೋಚನೆ ಹೆಚ್ಚಾಗಿ ಹುಟ್ಟುವುದು ಇಲ್ಲೇ. ಇನ್‌ಸ್ಟಾಲ್ ಇಲ್ಲದೆ ಓಡುವುದನ್ನೆಲ್ಲ ‘ಪೋರ್ಟಬಲ್’ ಎಂದು ಕರೆಯುವ ರೂಢಿಯಿದೆ. ಆದರೆ ತಂತ್ರಾಂಶ ತನ್ನ ಕಡತಗಳನ್ನು ಎಲ್ಲಿ ಬರೆಯುತ್ತದೆ ಎಂದು ನೋಡದೆ ಆ ಹೆಸರನ್ನು ಒಪ್ಪಲಾಗದು ಎಂಬುದು ಈ ಲೇಖನದ ವಾದ.

2002ರಲ್ಲಿ ಮೊದಲು ಹೊರಬಂದು, 2024ರ ನವೆಂಬರಿನಲ್ಲಿ 1.0 ಆವೃತ್ತಿ ತಲುಪಿದ ಫ್ರೀಕ್ಯಾಡ್ ಮುಕ್ತ ಕ್ಯಾಡ್ ತಂತ್ರಾಂಶವಾದ್ದರಿಂದ, ಪೆನ್‌ಡ್ರೈವಿನಿಂದ ಓಡಿಸುವಾಗ ಅದಕ್ಕೆ ಪರವಾನಗಿಯ ಪರೀಕ್ಷೆಯಿಲ್ಲ. ವಾಣಿಜ್ಯ ಕ್ಯಾಡ್‌ಗಳ ಪರವಾನಗಿ ಸಾಮಾನ್ಯವಾಗಿ ಯಂತ್ರಕ್ಕೋ ಖಾತೆಗೋ ಕಟ್ಟುಬಿದ್ದಿರುತ್ತದೆ.

ಫ್ರೀಕ್ಯಾಡಿನ 7-ಜಿಪ್ ಕಡತವನ್ನು ಪೆನ್‌ಡ್ರೈವಿನಲ್ಲಿ ಬಿಚ್ಚಿಟ್ಟರೆ ಸಾಕು, ತಂತ್ರಾಂಶ ತೆರೆದುಕೊಳ್ಳುತ್ತದೆ. ಬಳಕೆದಾರರ ಆಯ್ಕೆಗಳ ಕಡತ ಮಾತ್ರ ಆತಿಥೇಯ ಗಣಕದ ಆ್ಯಪ್‌ಡೇಟಾ ಫೋಲ್ಡರಿಗೆ ಹೋಗಿ ಕೂರುತ್ತದೆ. ಮರುದಿನ ಪಕ್ಕದ ಗಣಕದಲ್ಲಿ ಕೂತವರು ಟೂಲ್‌ಬಾರು, ಅಳತೆಯ ಮಾನ ಎಲ್ಲವನ್ನೂ ಮತ್ತೆ ಹೊಂದಿಸಬೇಕು. ಆ ನೆಲೆಯನ್ನು ಪೆನ್‌ಡ್ರೈವಿಗೆ ತಿರುಗಿಸಲು ಎನ್ವಿರಾನ್‌ಮೆಂಟ್ ವೇರಿಯಬಲ್‌ಗಳಿವೆ. ಪುಟ್ಟ ಬ್ಯಾಚ್ ಫೈಲ್ ಒಂದೇ ಆ ಕೆಲಸ ಮಾಡುತ್ತದೆ. ಡ್ರೈವಿನ ಅಕ್ಷರ ಒಂದೊಂದು ಗಣಕದಲ್ಲಿ ಒಂದೊಂದಾಗುವುದರಿಂದ, ಆ ಫೈಲು ತಾನಿರುವ ಜಾಗದಿಂದಲೇ ದಾರಿ ಲೆಕ್ಕ ಹಾಕುವಂತೆ ಬರೆಯಬೇಕು.

ಹೆಚ್ಚಿನವರ ಗಮನಕ್ಕೆ ಬಾರದ್ದು ತಾತ್ಕಾಲಿಕ ಕಡತಗಳ ವಿಷಯ. ಫ್ರೀಕ್ಯಾಡಿನ ನಕ್ಷೆ ಕಡತ ಒಳಗಿನಿಂದ ಒಂದು ಜಿಪ್ ಗಂಟು. ನಕ್ಷೆ ತೆರೆದಿರುವಷ್ಟು ಹೊತ್ತು ಅದಕ್ಕೆಂದೇ ಆತಿಥೇಯ ಗಣಕದಲ್ಲಿ ಒಂದು ತಾತ್ಕಾಲಿಕ ಫೋಲ್ಡರ್ ಇರುತ್ತದೆ. ಕ್ರಮವಾಗಿ ಮುಚ್ಚಿದರೆ ಅದು ಅಳಿಯುತ್ತದೆ. ಕರೆಂಟು ಹೋದರೆ, ಪುನಃಪ್ರಾಪ್ತಿಗೆಂದು ಬರೆದಿಟ್ಟ ವಿನ್ಯಾಸದ ತುಣುಕುಗಳು ಅಲ್ಲೇ ಉಳಿದುಬಿಡುತ್ತವೆ. ಗೋಪ್ಯ ವಿನ್ಯಾಸ ಮಾಡುವವರಿಗೆ ಇದು ಸಣ್ಣ ಮಾತಲ್ಲ.

ಹಾಗೆಂದು ಆ ತಾತ್ಕಾಲಿಕ ಫೋಲ್ಡರನ್ನೂ ಪೆನ್‌ಡ್ರೈವಿಗೇ ತಿರುಗಿಸಿದರೆ ವೇಗಕ್ಕೆ ಪೆಟ್ಟು. ಯುಎಸ್‌ಬಿ 2.0ಕ್ಕೆ ಸೆಕೆಂಡಿಗೆ 480 ಮೆಗಾಬಿಟ್ ಎಂಬುದು ಕಾಗದದ ಮೇಲಿನ ಲೆಕ್ಕ. ಫ್ರೀಕ್ಯಾಡಿನೊಳಗಿನ ಪೈಥಾನ್ ಭಾಷೆಯ ಚಿಲ್ಲರೆ ಕಡತಗಳ ರಾಶಿಯನ್ನು ಪೆನ್‌ಡ್ರೈವಿನಿಂದ ಓದುವಾಗ ಆ ವೇಗ ಎಲ್ಲೂ ಕಾಣಸಿಗದು. ಲಿನಕ್ಸಿನ ಆ್ಯಪ್‌ಇಮೇಜ್ ಎಲ್ಲವನ್ನೂ ಒಂದೇ ಕಡತದಲ್ಲಿ ಕಟ್ಟಿಕೊಡುತ್ತದಾದರೂ ಹೆಚ್ಚಿನ ಪೆನ್‌ಡ್ರೈವುಗಳು ಬರುವ ಫ್ಯಾಟ್ ವ್ಯವಸ್ಥೆಯಲ್ಲಿ ಕಡತವನ್ನು ಓಡಿಸಲು ಬೇಕಾದ ಲಿನಕ್ಸಿನ ಅನುಮತಿಗಳನ್ನು ಬರೆದಿಡಲು ಜಾಗವೇ ಇಲ್ಲ.

ಗ್ರಾಫಿಕ್ಸ್ ಡ್ರೈವರನ್ನಂತೂ ಹೊತ್ತೊಯ್ಯಲಾಗದು. ಲ್ಯಾಬಿನ ಗಣಕದಲ್ಲಿ ಓಪನ್‌ಜಿಎಲ್ ಸರಿಯಿಲ್ಲದಿದ್ದರೆ ಮೂರು ಆಯಾಮದ ಮಾದರಿ ಮೌಸಿನ ಹಿಂದೆ ತೆವಳುತ್ತದೆ, ಪೆನ್‌ಡ್ರೈವ್ ಎಷ್ಟೇ ದುಬಾರಿಯದ್ದಾಗಿರಲಿ.