ಭೂತಾಳ ಪಾಂಡ್ಯನ ಕಟ್ಟು: ಕಥೆಯ ಅರಸ, ಕೋರ್ಟಿನ ಕಾನೂನು

ಮುಂಬಯಿ ಮಹಾನಗರ ಮತ್ತು ಉಪನಗರಗಳಲ್ಲಿ ನೆಲೆಸಿರುವ ಕರಾವಳಿ ಮೂಲದ ಕನ್ನಡಿಗ ಕುಟುಂಬಗಳಲ್ಲಿ ಆಸ್ತಿಯ ಮಾತು ಬಂದಾಗಲೆಲ್ಲ ಹಿರಿಯರೊಬ್ಬರು "ನಮ್ಮದು ಅಳಿಯಕಟ್ಟು" ಎನ್ನುವುದುಂಟು. ಈ ಕಟ್ಟನ್ನು ಹಾಕಿದವನು ಭೂತಾಳ ಪಾಂಡ್ಯನೆಂಬ ಅರಸನೆಂದು ನಾವೆಲ್ಲರೂ ಬಾಲ್ಯದಿಂದಲೇ ಕೇಳಿದ್ದೇವೆ. ಆ ಅರಸನು ಯಾರು, ಅವನ ಹೆಸರಿನ ಗ್ರಂಥ ಎಲ್ಲಿಂದ ಬಂತು, ಬೋರಿವಲಿಯ ಅಥವಾ ಮುಲುಂಡಿನ ಫ್ಲ್ಯಾಟಿಗೆ ಅದರಿಂದ ಇಂದಿಗೂ ಏನಾದರೂ ಬಾಧ್ಯತೆ ಇದೆಯೇ ಎಂಬುದನ್ನು ಓದುಗರ ಮುಂದಿಡುವುದು ಈ ಲೇಖನದ ಉದ್ದೇಶ.

ಕಥೆ ಹೀಗಿದೆ. ದೇವ ಪಾಂಡ್ಯನೆಂಬ ವರ್ತಕ ಅರಸನು ಹಡಗುಗಳನ್ನು ಕಟ್ಟಿಸಿ, ಬೆಲೆಬಾಳುವ ಸರಕು ತುಂಬಿಸಿದನು. ಹಡಗು ನೀರಿಗಿಳಿಯಬೇಕಾದರೆ ನರಬಲಿ ಬೇಕೆಂದು ಭೂತಗಳ ಒಡೆಯನಾದ ಕುಂಡೋದರನು ಹಟ ಹಿಡಿದನು. ಅರಸನ ಹೆಂಡತಿ ತನ್ನ ಮಕ್ಕಳಲ್ಲಿ ಒಬ್ಬನನ್ನೂ ಕೊಡಲು ಒಪ್ಪಲಿಲ್ಲ. ಆಗ ಅವನ ತಂಗಿ ಸತ್ಯವತಿಯು ತನ್ನ ಮಗ ಜಯ ಪಾಂಡ್ಯನನ್ನು ಮುಂದಿಟ್ಟಳು. ಹುಡುಗನಲ್ಲಿ ರಾಜಲಕ್ಷಣಗಳನ್ನು ಕಂಡ ಕುಂಡೋದರನು ಬಲಿಯನ್ನು ಬಿಟ್ಟು, ಅವನನ್ನೇ ಬಾರಕೂರಿನ ಗದ್ದುಗೆಗೆ ಏರಿಸಿ ಭೂತಾಳ ಪಾಂಡ್ಯನೆಂದು ಹೆಸರಿಟ್ಟನು. ಅಂದಿನಿಂದ ಆಸ್ತಿಯು ಮಗನಿಗಲ್ಲ, ಸೋದರಳಿಯನಿಗೆ ಸಲ್ಲತಕ್ಕದ್ದೆಂದು ಹೊಸ ಅರಸನು ವಿಧಿಸಿದನು. ಈ ವಿಧಿಗಳನ್ನೇ 'ಹದಿನಾರು ಕಟ್ಟು' ಎನ್ನುತ್ತಾರೆ. ಕಾಲವನ್ನು ಕ್ರಿಸ್ತಶಕದ ಒಂದನೆಯ ಶತಮಾನಕ್ಕೆ ಒಯ್ಯುವುದು ವಾಡಿಕೆ. ಮಗನನ್ನು ಬಲಿಗೆ ಒಪ್ಪಿಸಿದ ತಾಯಿಗೆ ದೊರೆತ ಬಹುಮಾನವೇ ಈ ಕಾನೂನು ಎಂಬುದು ಕಥೆಯ ಒಳದನಿ; ಅದನ್ನು ಹೇಳುವಾಗ ಸತ್ಯವತಿಯ ಹೆಸರನ್ನು ಮರೆಯುವವರೇ ಹೆಚ್ಚು.

ಇಂತಹ ಅರಸನಿದ್ದನೆಂಬುದಕ್ಕೆ ಶಾಸನಾಧಾರವಿಲ್ಲ. ಹತ್ತೊಂಬತ್ತನೆಯ ಶತಮಾನದ ನಡುಭಾಗದಲ್ಲಿ ಮಂಗಳೂರಿನಲ್ಲಿ ಅವನ ಹೆಸರಿನ 'ಅಳಿಯ ಸಂತಾನದ ಕಟ್ಟು ಕಟ್ಟಳೆ' ಅಚ್ಚಾಗಿ, ನ್ಯಾಯಾಲಯಗಳಿಗೆ ಪ್ರಮಾಣಗ್ರಂಥದಂತೆ ಹಾಜರಾಗತೊಡಗಿತು. ದಕ್ಷಿಣ ಕನ್ನಡದಲ್ಲಿ ನ್ಯಾಯಾಧೀಶರಾಗಿದ್ದ ಸಂಸ್ಕೃತ ವಿದ್ವಾಂಸ ಎ. ಸಿ. ಬರ್ನೆಲ್ ಅವರು 1870ರ ದಶಕದಲ್ಲಿ ಇದು ಇತ್ತೀಚೆಗೆ ಸೃಷ್ಟಿಸಿದ ನಕಲಿ ಗ್ರಂಥವೆಂದು ಖಂಡತುಂಡವಾಗಿ ಹೇಳಿದರು. ಅವರ ಅಭಿಪ್ರಾಯವನ್ನು ಅಲ್ಲಗಳೆಯಲು ನಮಗೆ ಕಾರಣ ಕಾಣುವುದಿಲ್ಲ. ಬ್ರಿಟಿಷ್ ನ್ಯಾಯಾಲಯಗಳು ಹಿಂದೂಗಳ ಕಾನೂನನ್ನು ಪುಸ್ತಕಗಳಲ್ಲಿ ಹುಡುಕುತ್ತಿದ್ದ ಕಾಲ ಅದು. ಘಟ್ಟದ ಮೇಲಿನವರಿಗೆ ಮಿತಾಕ್ಷರವಿತ್ತು, ನಮ್ಮವರಿಗೆ ಪುಸ್ತಕವಿರಲಿಲ್ಲ. ಇಲ್ಲದ ಪುಸ್ತಕ ಬೇಕಾದಾಗ ಒದಗಿ ಬಂದಿತೆಂದರೆ ಆಶ್ಚರ್ಯವೇನು?

ಆದರೆ ಪುಸ್ತಕ ಕಲ್ಪಿತವೆಂದ ಮಾತ್ರಕ್ಕೆ ಪದ್ಧತಿಯೂ ಕಲ್ಪಿತವಲ್ಲ. ಕಾರ್ಕಳದ ಚತುರ್ಮುಖ ಬಸದಿಯನ್ನು 1586ರಲ್ಲಿ ಕಟ್ಟಿಸಿದ ಇಮ್ಮಡಿ ಭೈರವರಸನು ಹಿಂದಿನ ಭೈರವರಸನ ತಂಗಿ ಗುಮ್ಮಟಾಂಬೆಯ ಮಗನೆಂದು ಶಾಸನವೇ ಹೇಳುತ್ತದೆ. ಬಂಟರು, ಬಿಲ್ಲವರು, ಮೊಗವೀರರು, ತುಳುನಾಡಿನ ಜೈನರು ಮೊದಲಾದ ಸಮುದಾಯಗಳಲ್ಲಿ ಬಳಿಯು ತಾಯಿಯಿಂದಲೇ ಬರುತ್ತದೆ. ಹೆಣ್ಣೊಬ್ಬಳು, ಅವಳ ಮಕ್ಕಳು ಮತ್ತು ಹೆಣ್ಣುಮಕ್ಕಳ ಮೂಲಕ ಬೆಳೆದ ಸಂತತಿ ಸೇರಿ ಒಂದು 'ಕವರು'. ಅಂತಹ ಕವರುಗಳು ಕೂಡಿ ಒಂದು 'ಕುಟುಂಬ'. ಆಡಳಿತವು ಹಿರಿಯ ಯಜಮಾನನದು ಅಥವಾ ಯಜಮಾನ್ತಿಯದು.

ಕಟ್ಟು ಕಟ್ಟಳೆಯನ್ನು ನಂಬಿದ ಕಾಲದ ತೀರ್ಪುಗಳು ಈ ಜೀವಂತ ಪದ್ಧತಿಯನ್ನು ಕಲ್ಲಾಗಿಸಿದವು ಎಂಬುದು ನಮ್ಮ ಎಣಿಕೆ. 1863ರ ಮುಂಡ ಚೆಟ್ಟಿ – ತಿಮ್ಮಾಜು ಹೆಂಗಸು ಮೊಕದ್ದಮೆಯಲ್ಲಿ ಮದರಾಸು ಹೈಕೋರ್ಟು, ಎಲ್ಲರ ಒಪ್ಪಿಗೆಯಿಲ್ಲದೆ ಕುಟುಂಬದ ಆಸ್ತಿಯನ್ನು ಪಾಲು ಮಾಡಿಸುವಂತಿಲ್ಲವೆಂದಿತು. ಮುಂದಿನ ಎಂಟು ದಶಕಗಳಿಗೂ ಮಿಕ್ಕಿ ಅದೇ ನಿಯಮ ನಿಂತಿತು. 1883ರ ಕೊರಗ ಪ್ರಕರಣದಲ್ಲಿ ಅದೇ ಹೈಕೋರ್ಟು, ಅಳಿಯಸಂತಾನದ ಗಂಡಹೆಂಡಿರ ಸಂಬಂಧವು ಕಾನೂನಿನ ದೃಷ್ಟಿಯಲ್ಲಿ ವಿವಾಹವೇ ಅಲ್ಲವೆಂಬ ನಿಲುವು ತಾಳಿತು. ಧಾರೆ ಎರೆದು ಮದುವೆಯಾದ ಮನೆತನಗಳಿಗೆ ಈ ಮಾತು ಎಷ್ಟು ನೋವು ತಂದಿರಬೇಕೆಂಬುದನ್ನು ಓದುಗರೇ ಊಹಿಸಬಹುದು.

ಮುಂಬಯಿಗೆ ಬಂದವರ ಪಾಡು ಇನ್ನೂ ವಿಚಿತ್ರವಾಗಿತ್ತು. ಮೊಗವೀರ ವ್ಯವಸ್ಥಾಪಕ ಮಂಡಳಿ ಇಲ್ಲಿ 1902ರಲ್ಲಿಯೇ ಹುಟ್ಟಿತೆಂದರೆ ನಮ್ಮವರ ವಲಸೆ ಎಷ್ಟು ಹಳೆಯದೆಂದು ತಿಳಿಯುತ್ತದೆ. ಹಿಂದೂ ಕುಟುಂಬವು ಊರು ಬಿಟ್ಟು ಹೋದರೂ ತನ್ನ ವೈಯಕ್ತಿಕ ಕಾನೂನನ್ನು ಜೊತೆಯಲ್ಲೇ ಒಯ್ಯುತ್ತದೆ ಎಂಬುದು ನ್ಯಾಯಾಲಯಗಳು ಒಪ್ಪಿದ ತತ್ತ್ವ. ಆದ್ದರಿಂದ ಹಳೆಯ ಪದ್ಧತಿಯಲ್ಲಿ, ಇಲ್ಲಿ ಹೋಟೆಲಿನ ಗಲ್ಲಾಪೆಟ್ಟಿಗೆಯ ಹಿಂದೆ ಆಯುಷ್ಯ ಸವೆಸಿದವನೊಬ್ಬನು ಉಯಿಲು ಬರೆಯದೆ ತೀರಿಕೊಂಡರೆ, ಅವನ ಸ್ವಂತ ದುಡಿಮೆಯ ಗಳಿಕೆಯೂ ಹೆಂಡತಿ ಮಕ್ಕಳನ್ನು ಬಿಟ್ಟು ಊರಿನ ತಾಯಿಯ ಕುಟುಂಬದ ಕಡೆಗೆ ಸಾಗುತ್ತಿತ್ತು.

1949ರ ಮದರಾಸು ಅಳಿಯಸಂತಾನ ಕಾಯಿದೆಯು ವಿವಾಹಕ್ಕೆ ಮಾನ್ಯತೆ ನೀಡಿತು; ಕವರಿನ ವಯಸ್ಕರಲ್ಲಿ ಬಹುಮತವಿದ್ದರೆ ಪಾಲು ಕೇಳುವ ಹಕ್ಕನ್ನೂ ಕೊಟ್ಟಿತು. ಬಳಿಕ ಬಂದ 1956ರ ಹಿಂದೂ ಉತ್ತರಾಧಿಕಾರ ಕಾಯಿದೆ ನಮಗೆ ಅನ್ವಯಿಸುವುದಿಲ್ಲವೆಂಬ ನಂಬಿಕೆ ಮುಂಬಯಿಯಲ್ಲಿ ಇಂದಿಗೂ ಕೇಳಿಬರುತ್ತದೆ. ಅದು ತಪ್ಪು. ಕುಟುಂಬದ ಆಸ್ತಿಯಲ್ಲಿ ಮೃತರಿಗಿದ್ದ ಅವಿಭಕ್ತ ಹಕ್ಕನ್ನು, ಮರಣಕ್ಕೆ ತುಸು ಮೊದಲು ಬದುಕಿದ್ದ ಸದಸ್ಯರೆಲ್ಲರಿಗೂ ತಲಾವಾರು ಪಾಲಾಗಿತ್ತೆಂದು ಭಾವಿಸಿ ಎಣಿಸಬೇಕೆಂದು ಅದರ 7ನೆಯ ಕಲಮು ಹೇಳುತ್ತದೆ. ಆ ಪಾಲು ಅವರ ವಾರಸುದಾರರಿಗೇ ಹೋಗುತ್ತದೆ. ಪುರುಷನ ಸ್ವಯಾರ್ಜಿತವು ಮೊದಲಿಗೆ ತಾಯಿ, ಹೆಂಡತಿ, ಗಂಡು ಹೆಣ್ಣು ಮಕ್ಕಳು ಮುಂತಾದ ಪ್ರಥಮ ವರ್ಗದವರಿಗೆ ಸಲ್ಲುತ್ತದೆ, ಸೋದರಳಿಯನಿಗಲ್ಲ.

ಹಾಗೆಂದು ಹಳೆಯ ಕಟ್ಟಿನ ಗುರುತು ಪೂರ್ಣವಾಗಿ ಅಳಿದಿಲ್ಲ. ಬಹಳ ಮಂದಿಗೆ ತಿಳಿಯದ 17ನೆಯ ಕಲಮಿನ ಪ್ರಕಾರ, ಅಳಿಯಸಂತಾನಕ್ಕೆ ಸೇರಿದ ಸ್ತ್ರೀಯು ಉಯಿಲಿಲ್ಲದೆ ತೀರಿಕೊಂಡರೆ ಅವಳ ಆಸ್ತಿ ಮೊದಲು ಮಕ್ಕಳಿಗೆ ಮತ್ತು ಅವಳ ತಾಯಿಗೆ. ಅವರಾರೂ ಇಲ್ಲದಿದ್ದರೆ ಮಾತ್ರ ತಂದೆ ಮತ್ತು ಗಂಡನಿಗೆ. ಇತರ ಹಿಂದೂ ಸ್ತ್ರೀಯರ ವಿಷಯದಲ್ಲಿ ಗಂಡನು ಮಕ್ಕಳೊಡನೆ ಸಮಪಾಲು ಪಡೆಯುತ್ತಾನೆ. ಹೆಂಡತಿಯ ಹೆಸರಿನಲ್ಲಿ ಫ್ಲ್ಯಾಟು ಕೊಂಡ ದಂಪತಿಗಳು ಇದನ್ನು ವಕೀಲರೊಡನೆ ಚರ್ಚಿಸಿ, ಇಬ್ಬರೂ ಉಯಿಲು ಬರೆದಿಡುವುದು ಒಳಿತು. ಕುಟುಂಬದಲ್ಲಿ ತನಗಿರುವ ಹಕ್ಕನ್ನೂ ಉಯಿಲಿನ ಮೂಲಕ ಕೊಡಲು 1956ರ ಕಾಯಿದೆಯಲ್ಲಿ ಅವಕಾಶವಿದೆ. ಮಂಜೇಶ್ವರ, ಕುಂಬಳೆ ಕಡೆಯವರ ಊರಿನ ಆಸ್ತಿಯ ವಿಚಾರವೇ ಬೇರೆ: 1956ರಲ್ಲಿ ಕಾಸರಗೋಡು ಕೇರಳಕ್ಕೆ ಸೇರಿತು, ಅಲ್ಲಿನ ಅವಿಭಕ್ತ ಕುಟುಂಬ ಪದ್ಧತಿಯೇ 1975ರ ಕಾಯಿದೆಯಿಂದ ರದ್ದಾಗಿ, 1976ರ ಡಿಸೆಂಬರ್ 1ರಿಂದ ಅದು ಜಾರಿಗೆ ಬಂತು.

ಇನ್ನು ದೈವದ ಚಾವಡಿಯ ಮಾತು. ನೇಮ, ತಂಬಿಲಗಳಿಗೆ ಮುಂಬಯಿಯಿಂದ ರಾತ್ರಿ ಬಸ್ಸು ಹತ್ತಿ ಹೋಗುವ ನಮ್ಮ ಮಕ್ಕಳು ಅಲ್ಲಿ ನಿಲ್ಲುವುದು ತಾಯಿಯ ಕುಟುಂಬದವರಾಗಿಯೇ. ಅವರ ಶಾಲೆಯ ದಾಖಲೆಯಲ್ಲಿ ತಂದೆಯ ಹೆಸರಿದ್ದರೂ ಬಳಿ ಕೇಳಿದಾಗ ಹೇಳುವುದು ತಾಯಿಯದನ್ನೇ.