ಅಂಗನವಾಡಿ ನೇಮಕಾತಿ ವ್ಯಾಜ್ಯಗಳು: ಜಮಖಂಡಿ, ಮುಧೋಳ, ಬೀಳಗಿ, ರಬಕವಿ-ಬನಹಟ್ಟಿ

ಅಂಗನವಾಡಿ ಕಾರ್ಯಕರ್ತೆ ಮತ್ತು ಸಹಾಯಕಿಯರ ಆಯ್ಕೆಯನ್ನು ಪ್ರಶ್ನಿಸುವ ವ್ಯಾಜ್ಯಗಳಿವು. ಬಾಗಲಕೋಟೆ ಜಿಲ್ಲೆಯ ಈ ನಾಲ್ಕು ತಾಲ್ಲೂಕುಗಳಿಂದ ಇಂಥ ತಕರಾರು ಕೋರ್ಟಿಗೆ ಹೋದರೆ ಹೈಕೋರ್ಟಿನ ಧಾರವಾಡ ಪೀಠಕ್ಕೆ, ಸಂವಿಧಾನದ 226ನೇ ವಿಧಿಯಡಿ ರಿಟ್ ಅರ್ಜಿಯಾಗಿ ಹೋಗುತ್ತದೆ. 2008ರಲ್ಲಿ ಧಾರವಾಡದಲ್ಲಿ ಸಂಚಾರಿ ಪೀಠ ಆರಂಭವಾಗಿ 2013ರಲ್ಲಿ ಕಾಯಂ ಆಯಿತು. 2008ಕ್ಕೂ ಮೊದಲು ಬೆಂಗಳೂರಿಗೇ ಹೋಗಬೇಕಿತ್ತು. ತಿಂಗಳ ಗೌರವಧನದ ಕೆಲಸಕ್ಕಾಗಿ ಹಳ್ಳಿಯ ಹೆಣ್ಣುಮಗಳೊಬ್ಬಳು ಅಷ್ಟು ದೂರ ವಕೀಲರನ್ನು ಹುಡುಕಿಕೊಂಡು ಹೋಗುವುದು ಸಣ್ಣ ಮಾತಲ್ಲ.

ಅಂಗನವಾಡಿಗಳನ್ನು ನಡೆಸುವ ಸಮಗ್ರ ಶಿಶು ಅಭಿವೃದ್ಧಿ ಯೋಜನೆ 1975ರ ಅಕ್ಟೋಬರ್ 2ರಂದು ಜಾರಿಗೆ ಬಂತು. ಕರ್ನಾಟಕದಲ್ಲಿ ಮೊದಲು ಆರಂಭವಾದದ್ದು ತಿ. ನರಸೀಪುರದಲ್ಲಿ. ಕಾರ್ಯಕರ್ತೆ ಸ್ಥಳೀಯಳೇ ಆಗಿರಬೇಕೆಂಬುದು ಯೋಜನೆಯ ಮೂಲ ಆಶಯ: ಹಳ್ಳಿಯಲ್ಲಿ ಅದೇ ಊರಿನವಳು, ಪಟ್ಟಣದಲ್ಲಿ ಅದೇ ವಾರ್ಡಿನವಳು. ಮನೆಮನೆಯ ಬಸುರಿ, ಬಾಣಂತಿ, ಕೂಸುಗಳನ್ನು ಬಲ್ಲವಳಿಗೆ ಮಾತ್ರ ಈ ಕೆಲಸ ಸಲೀಸು. ಆದ್ದರಿಂದಲೇ ‘ವಾಸ’ ಎಂಬುದು ಜಗಳದ ಮೊದಲ ಮೂಲ.

ಈ ಸೀಮೆಯಲ್ಲಿ ವಾಸವನ್ನು ತೋರಿಸಿಕೊಡುವುದು ಸುಲಭವಲ್ಲ. ಜಮಖಂಡಿ, ಮುಧೋಳಗಳ ಕಬ್ಬಿನ ನಾಡಿನಲ್ಲಿ ಎಷ್ಟೋ ಕುಟುಂಬಗಳು ಊರು ಬಿಟ್ಟು ತೋಟದ ವಸ್ತಿಗಳಲ್ಲಿವೆ. ಬೀಳಗಿ ತಾಲ್ಲೂಕಿನಲ್ಲಿ ಆಲಮಟ್ಟಿ ಹಿನ್ನೀರಿಗೆ ಊರು ಕಳೆದುಕೊಂಡವರು ಪುನರ್ವಸತಿ ಕೇಂದ್ರಗಳಲ್ಲಿ ನೆಲೆಸಿದ್ದಾರೆ. ನೇಕಾರರ ಊರಾದ ರಬಕವಿ-ಬನಹಟ್ಟಿಯಲ್ಲಿ ಬಾಡಿಗೆ ಮನೆ ಬದಲಿಸಿದರೆ ವಾರ್ಡೂ ಬದಲಾಗಬಹುದು. ಇವೆಲ್ಲದರ ಮೇಲೆ ಮದುವೆ. ಹೆಣ್ಣುಮಗಳ ರೇಷನ್ ಕಾರ್ಡಿನಲ್ಲಿ ತವರೂರು, ಮತದಾರರ ಪಟ್ಟಿಯಲ್ಲಿ ಗಂಡನ ಊರು ಇದ್ದರೆ, ತಹಶೀಲ್ದಾರರ ವಾಸಸ್ಥಳ ಪ್ರಮಾಣಪತ್ರವನ್ನೇ ಎದುರು ಅಭ್ಯರ್ಥಿ ಪ್ರಶ್ನಿಸುತ್ತಾಳೆ. ಕಾಗದ ನೋಡಿ ಮುಗಿಸದೆ ಸ್ಥಳಕ್ಕೆ ಹೋಗಿ ವಿಚಾರಿಸುವುದೇ ನ್ಯಾಯವಾದ ದಾರಿ.

ಎರಡನೆಯ ಮೂಲ ಅಂಕ ಮತ್ತು ಆದ್ಯತೆ. ಈಗ ಕಾರ್ಯಕರ್ತೆಗೆ ಪಿಯುಸಿ, ಸಹಾಯಕಿಗೆ ಎಸ್ಸೆಸ್ಸೆಲ್ಸಿ ಬೇಕು. ವಿಧವೆಯರು, ವಿಚ್ಛೇದಿತೆಯರು, ಮಾಜಿ ದೇವದಾಸಿಯರು ಮೊದಲಾದವರಿಗೆ ಆದ್ಯತೆಯಿದೆ. ತಾತ್ಕಾಲಿಕ ಆಯ್ಕೆ ಪಟ್ಟಿ ಹೊರಬಿದ್ದ ಮೇಲೆ ಆಕ್ಷೇಪಣೆಗೆ ಅವಕಾಶವಿರುತ್ತದೆ. ಅಲ್ಲಿ ಸುಮ್ಮನಿದ್ದು ನೇರ ಕೋರ್ಟಿಗೆ ಬಂದವರ ವಾದಕ್ಕೆ ಬಲ ಕಡಿಮೆ.

ವ್ಯಾಜ್ಯದ ದಾರಿಯನ್ನು ಗೊತ್ತುಮಾಡಿದ್ದು ಕರ್ನಾಟಕದ್ದೇ ಪ್ರಕರಣ. ‘ಕರ್ನಾಟಕ ರಾಜ್ಯ ವಿರುದ್ಧ ಅಮೀರ್‌ಬಿ’ ಪ್ರಕರಣದಲ್ಲಿ ಸುಪ್ರೀಂ ಕೋರ್ಟ್ 2006ರ ಡಿಸೆಂಬರ್‌ನಲ್ಲಿ, ಅಂಗನವಾಡಿ ಕಾರ್ಯಕರ್ತೆಯರದು ನಾಗರಿಕ ಸೇವೆಯ ಹುದ್ದೆಯಲ್ಲ, ಅವರ ತಕರಾರು ಕರ್ನಾಟಕ ಆಡಳಿತ ನ್ಯಾಯಮಂಡಳಿಯ ವ್ಯಾಪ್ತಿಗೆ ಬಾರದು ಎಂದಿತು. ಸರ್ಕಾರಿ ನೌಕರರಿಗೆ ತೆರೆದ ಈ ಬಾಗಿಲು ಇವರಿಗೆ ಮುಚ್ಚಿತು. ಹಾಗೆಂದು ಅಧಿಕಾರಿಗಳು ಮನಬಂದಂತೆ ಆರಿಸುವ ಹಾಗಿಲ್ಲ. ಸರ್ಕಾರ ತಾನೇ ಹೊರಡಿಸಿದ ಮಾರ್ಗಸೂಚಿಯನ್ನು ಮೀರಿದರೆ, ಸಕಾರಣವಿಲ್ಲದೆ ಅರ್ಜಿ ತಿರಸ್ಕರಿಸಿದರೆ, ಆಯ್ಕೆಯಾದವಳ ಮಾತು ಕೇಳದೆ ಆಕೆಯ ನೇಮಕಾತಿ ಆದೇಶ ರದ್ದುಮಾಡಿದರೆ ಹೈಕೋರ್ಟ್ ನಡುವೆ ಬರಬಹುದು. ಅರ್ಹತೆಯನ್ನು ಅರ್ಜಿಯ ಕೊನೆಯ ದಿನಕ್ಕೆ ಲೆಕ್ಕಹಾಕಬೇಕೆಂಬುದು ನೇಮಕಾತಿಯ ಸಾಮಾನ್ಯ ತತ್ವ. ಆಯ್ಕೆ ಶುರುವಾದ ಮೇಲೆ, ನಿಯಮದಲ್ಲೇ ಅವಕಾಶವಿಲ್ಲದಿದ್ದರೆ, ಅರ್ಹತೆಯ ಷರತ್ತು ಬದಲಿಸುವಂತಿಲ್ಲ ಎಂದು 2024ರ ನವೆಂಬರ್‌ನಲ್ಲಿ ಸುಪ್ರೀಂ ಕೋರ್ಟಿನ ಸಂವಿಧಾನ ಪೀಠ ಹೇಳಿದೆ.

ತಡೆಯಾಜ್ಞೆ ಬಿದ್ದರೆ ನಷ್ಟ ಮಕ್ಕಳಿಗೆ. ಖಾಲಿ ಉಳಿದ ಕೇಂದ್ರದ ಹೊಣೆ ಪಕ್ಕದ ಕೇಂದ್ರದವಳ ಹೆಗಲೇರುತ್ತದೆ. ಶಾಲಾಪೂರ್ವ ಪಾಠ, ತೂಕ ನೋಡುವುದು, ಆಹಾರ ಹಂಚುವುದು ಎರಡೂ ಕಡೆ ಅರೆಬರೆಯಾಗುತ್ತದೆ. ಇಂಥ ಅರ್ಜಿಗಳು ಬೇಗ ಇತ್ಯರ್ಥವಾಗಬೇಕಾದದ್ದು ಇದಕ್ಕಾಗಿ.

ನಾಗರಿಕ ಸೇವೆಯ ಹುದ್ದೆಯಲ್ಲದಿದ್ದರೂ ಈ ಕೆಲಸಕ್ಕೆ ಕಾನೂನಿನ ಆಸರೆ ಇಲ್ಲದಿಲ್ಲ. 2022ರ ಏಪ್ರಿಲ್‌ನಲ್ಲಿ ಗುಜರಾತಿನ ಪ್ರಕರಣವೊಂದರಲ್ಲಿ ಸುಪ್ರೀಂ ಕೋರ್ಟ್, ಕಾರ್ಯಕರ್ತೆಯರೂ ಸಹಾಯಕಿಯರೂ ಗ್ರಾಚ್ಯುಟಿಗೆ ಅರ್ಹರೆಂದು ತೀರ್ಪಿತ್ತಿತು. ಅವರು ಪಡೆಯುವ ಗೌರವಧನವೂ ಗ್ರಾಚ್ಯುಟಿ ಕಾಯ್ದೆಯ ಅರ್ಥದಲ್ಲಿ ವೇತನವೇ ಎಂದಿತು.