ಬಿಡುಗಡೆ ಎಂದರೇನು? ಕ್ರೈಸ್ತ ನಂಬಿಕೆ ಮತ್ತು ಪಂಡಿತಾ ರಮಾಬಾಯಿ

ಉಮರ್ಗಾ, ನಿಲಂಗಾ, ಉದಗೀರ ಭಾಗದ ಅನೇಕ ಮನೆಗಳಲ್ಲಿ ಒಳಗೆ ಕನ್ನಡ, ಪೇಟೆಗೆ ಹೋದರೆ ಮರಾಠಿ. ಕನ್ನಡದ 'ಬಿಡುಗಡೆ'ಗೆ ಮರಾಠಿಯಲ್ಲಿ 'ಸುಟಕಾ' ಎನ್ನುತ್ತೇವೆ. 'ಮುಕ್ತಿ' ಎಂಬ ಶಬ್ದ ಎರಡೂ ಭಾಷೆಗಳಲ್ಲಿದೆ. ಕ್ರೈಸ್ತ ನಂಬಿಕೆಯಲ್ಲಿ ಇದರ ಅರ್ಥವೇನು ಎಂಬ ಸಂಕ್ಷಿಪ್ತ ಪರಿಚಯ ಇಲ್ಲಿದೆ.

ಅರ್ಥ

ಹೊಸ ಒಡಂಬಡಿಕೆಯ ಪ್ರಕಾರ ಆತ್ಮಿಕ ಸ್ವಾತಂತ್ರ್ಯವೆಂದರೆ ಪಾಪದಿಂದಲೂ ಮರಣದ ಭಯದಿಂದಲೂ ಬಿಡುಗಡೆ. ಅದು ಮನುಷ್ಯನ ಗಳಿಕೆಯಲ್ಲ, ಕ್ರಿಸ್ತನ ಮೂಲಕ ಸಿಗುವ ದಾನ. ಗಲಾತ್ಯದ ಸಭೆಗಳಿಗೆ ಬರೆದ ಪತ್ರದಲ್ಲಿ ಪೌಲನು ಎರಡು ಎಚ್ಚರಿಕೆ ಕೊಡುತ್ತಾನೆ. ಬರೀ ಆಚರಣೆಗಳ ಹೊರೆಗೆ ಮತ್ತೆ ಒಳಗಾಗಬಾರದು. ಸ್ವಾತಂತ್ರ್ಯವನ್ನು ಮನಬಂದಂತೆ ನಡೆಯಲು ನೆಪ ಮಾಡಿಕೊಳ್ಳಲೂ ಬಾರದು. 1520ರಲ್ಲಿ ಮಾರ್ಟಿನ್ ಲೂಥರ್ ಇದೇ ವಿಷಯದ ಮೇಲೆ ಪುಸ್ತಕ ಬರೆದನು. ವಿಶ್ವಾಸಿ ಯಾರಿಗೂ ಅಡಿಯಾಳಲ್ಲ, ಆದರೆ ಪ್ರೀತಿಯಿಂದ ಎಲ್ಲರ ಸೇವಕ ಎಂಬುದು ಅದರ ಸಾರ.

ರಮಾಬಾಯಿ ಕಂಡ ಮುಕ್ತಿ

ಪಂಡಿತಾ ರಮಾಬಾಯಿ ಹುಟ್ಟಿದ್ದು 1858ರಲ್ಲಿ, ಕರ್ನಾಟಕದ ಪಶ್ಚಿಮ ಘಟ್ಟದ ಗಂಗಾಮೂಲದಲ್ಲಿ. ಮನೆಮಾತು ಮರಾಠಿ, ಕನ್ನಡವೂ ಬರುತ್ತಿತ್ತು. 1882ರಲ್ಲಿ ವಿಧವೆಯಾದರು. 1883ರಲ್ಲಿ ಇಂಗ್ಲೆಂಡಿನಲ್ಲಿ ದೀಕ್ಷಾಸ್ನಾನ ಪಡೆದರು. ಆದರೆ ಚರ್ಚಿನ ಹಿರಿಯರು ಹೇಳಿದ್ದನ್ನೆಲ್ಲ ಒಪ್ಪಲಿಲ್ಲ. ತಮ್ಮ ಮನಸ್ಸಾಕ್ಷಿಯನ್ನು ಯಾವ ಪಾದ್ರಿಯ ಕೈಗೂ ಒಪ್ಪಿಸುವುದಿಲ್ಲ ಎಂಬುದು ಅವರ ನಿಲುವಾಗಿತ್ತು.

1889ರಲ್ಲಿ ಮುಂಬಯಿಯಲ್ಲಿ ವಿಧವೆಯರಿಗಾಗಿ ಶಾರದಾ ಸದನ ತೆರೆದರು. ಮರುವರ್ಷ ಅದು ಪುಣೆಗೆ ಬಂತು. ಅಲ್ಲಿ ಮತಾಂತರ ನಡೆಯುತ್ತಿದೆ ಎಂಬ ಆಕ್ಷೇಪ ಎದ್ದು, 1893ರಲ್ಲಿ ಅನೇಕ ಪಾಲಕರು ಹುಡುಗಿಯರನ್ನು ಬಿಡಿಸಿಕೊಂಡು ಹೋದರು. ಬರಗಾಲದ ವರ್ಷಗಳಲ್ಲಿ ಪುಣೆ ಜಿಲ್ಲೆಯ ಕೇಡಗಾಂವದಲ್ಲಿ ದಿಕ್ಕಿಲ್ಲದ ಸಾವಿರಕ್ಕೂ ಹೆಚ್ಚು ಹೆಂಗಸರು, ಮಕ್ಕಳಿಗೆ ಆಸರೆ ಕೊಟ್ಟರು. ಆ ಸ್ಥಳದ ಹೆಸರೇ 'ಮುಕ್ತಿ'. ಅಲ್ಲಿ ಪ್ರಾರ್ಥನೆಯ ಜೊತೆಗೆ ಓದುಬರಹ, ನೇಯ್ಗೆ, ಒಕ್ಕಲುತನ, ಅಚ್ಚಿನ ಕೆಲಸ ಕಲಿಸಿದರು. ಅಂದರೆ ಬಿಡುಗಡೆ ಹೊಂದಿದವಳು ತನ್ನ ಕಾಲ ಮೇಲೆ ನಿಲ್ಲಬೇಕು.

1913ರ ಸುಮಾರಿಗೆ ಮಗಳು ಮನೋರಮಾ ಕಲಬುರಗಿಯಲ್ಲಿ ಶಾಲೆ ತೆರೆಯಲು ನೆರವಾದರು. ಆಗ ಕಲಬುರಗಿಯೂ ನಮ್ಮ ಈ ಭಾಗವೂ ಒಂದೇ ನಿಜಾಮ ಸಂಸ್ಥಾನದಲ್ಲಿದ್ದವು. ರಮಾಬಾಯಿ 1922ರಲ್ಲಿ ತೀರಿಕೊಂಡರು. ಸಾಮಾನ್ಯ ಜನರಿಗೂ ತಿಳಿಯಲೆಂದು ಅವರು ಮೂಲ ಭಾಷೆಗಳಿಂದ ಸರಳ ಮರಾಠಿಗೆ ತಂದ ಬೈಬಲ್ 1924ರಲ್ಲಿ ಹೊರಬಂತು.

ದಿನದ ಬದುಕಿನಲ್ಲಿ

ಭಾನುವಾರ ಪ್ರಾರ್ಥನೆ ಮಾಡಿ ಸೋಮವಾರ ಶೆರೆ ಅಂಗಡಿಗೆ ಹೋದರೆ ಬಿಡುಗಡೆ ಎಲ್ಲಿ ಬಂತು? ಸಭೆಯಲ್ಲಿ ಒಟ್ಟಿಗೆ ಕೂತು, ಊರಲ್ಲಿ ಜಾತಿ ನೋಡಿ ನೀರು ಕೊಟ್ಟರೆ ಹಳೆಯ ಕಟ್ಟು ಬಿಚ್ಚಿಲ್ಲ. ಮಗಳ ಮದುವೆಗೆ ಜನ ಏನಂದಾರು ಎಂದು ಸಾಲ ಮಾಡುವುದೂ ಒಂದು ಬಂಧನವೇ. ಕ್ಷಮಿಸುವುದು, ಅಂಜದೆ ನಿಜ ಹೇಳುವುದು, ಸೊಸೆಯನ್ನೂ ಮಗಳಂತೆ ಓದಿಸುವುದು ಬಿಡುಗಡೆಯ ಗುರುತುಗಳು.

ಭಾರತದ ಸಂವಿಧಾನದ 25ನೇ ವಿಧಿ ಎಲ್ಲರಿಗೂ ಮನಸ್ಸಾಕ್ಷಿಯ ಸ್ವಾತಂತ್ರ್ಯ ಕೊಟ್ಟಿದೆ. ತನಗೆ ಬೇಕಾದ ಆ ಸ್ವಾತಂತ್ರ್ಯವನ್ನು ನೆರೆಯವನಿಗೂ, ಮನೆಯ ಹೆಂಗಸರಿಗೂ ಬಿಟ್ಟುಕೊಟ್ಟಾಗಲೇ ಅದಕ್ಕೆ ಅರ್ಥ.